ಊಟಸಹಿತ ಪ್ರಾಗಿತಿಹಾಸ: ಸಂಗನಕಲ್ಲಿನ ಏಕದಿನ ಪ್ರವಾಸವನ್ನು ಕುರಿತ ಒಂದು ಘನ ಸಂಶೋಧನೆ

ಪೀಠಿಕೆ

ಪ್ರಾಗಿತಿಹಾಸವನ್ನು ಬರೆದ ಮಹನೀಯರು ಮಧ್ಯಾಹ್ನದ ಊಟದ ವಿಷಯದಲ್ಲಿ ತೋರಿದ ಮೌನ ಕ್ಷಮೆಗೆ ಅರ್ಹವಲ್ಲ. ರಾಬರ್ಟ್ ಬ್ರೂಸ್ ಫೂಟ್ ಸಾಹೇಬರು 1863ರ ಮೇ 30ರಂದು ಮದರಾಸಿನ ಬಳಿ ಪಲ್ಲಾವರಂನಲ್ಲಿ ಒಂದು ಕಲ್ಲಿನ ಕೈಗೊಡಲಿಯನ್ನು ಹೆಕ್ಕಿ, ಭಾರತದ ಪ್ರಾಗಿತಿಹಾಸಕ್ಕೆ ಶ್ರೀಕಾರ ಹಾಕಿದರು. ಮೇ ತಿಂಗಳು, ಮದರಾಸು, ಉರಿ ಬಿಸಿಲು. ಆ ಮಧ್ಯಾಹ್ನ ಅವರು ಏನು ಉಂಡರು ಎಂದು ಕೇಳಿದ ಒಬ್ಬ ವಿದ್ವಾಂಸನನ್ನೂ ನಾನು ಕಂಡಿಲ್ಲ. ಮುಂದೆ ಅವರೇ ಭೂವಿಜ್ಞಾನ ಸಮೀಕ್ಷೆಯ ನೌಕರಿಯಲ್ಲಿ ಬಳ್ಳಾರಿ ಜಿಲ್ಲೆಯನ್ನು ಸುತ್ತಿ, ಇಲ್ಲಿನ ಭೂರಚನೆಯ ಮೇಲೆ ಬರೆದ ಗ್ರಂಥ 1895ರಲ್ಲಿ ಹೊರಬಂತು. ಸಂಗನಕಲ್ಲನ್ನು ಅಗೆದ ಬಿ. ಸುಬ್ಬರಾವ್ 1948ರಲ್ಲಿ ಬಳ್ಳಾರಿಯ ಶಿಲಾಯುಗದ ಮೇಲೆ ಪುಸ್ತಕ ತಂದರು. 1964-65ರಲ್ಲಿ ಅನ್ಸಾರಿ ಮತ್ತು ಎಂ.ಎಸ್. ನಾಗರಾಜರಾವ್ ಅದೇ ಗುಡ್ಡಗಳನ್ನು ಮತ್ತೆ ಅಗೆದರು. 1990ರ ದಶಕದ ಕೊನೆಯಿಂದ ರವಿ ಕೋರಿಶೆಟ್ಟರ್ ಮತ್ತವರ ದೇಶವಿದೇಶದ ಸಂಗಡಿಗರು ಇನ್ನೊಮ್ಮೆ. ಇವರೆಲ್ಲ ಕಲ್ಲು, ಮಡಕೆ, ಬೂದಿ, ಎಲುಬು ಎಂದು ಬರೆದರು. ಬುತ್ತಿ ಬಿಚ್ಚಿದ್ದನ್ನು ಬರೆಯಲಿಲ್ಲ. ಈ ಪಟ್ಟಿಯಿಂದ ಒಬ್ಬರ ಹೆಸರನ್ನು ಬೇಕೆಂದೇ ಬಿಟ್ಟಿದ್ದೇನೆ. ಅವರು ಊಟದ ಹೊತ್ತಿಗೆ ಬರುತ್ತಾರೆ.

ಈ ಕೊರತೆಯನ್ನು ನೀಗಿಸುವ ಭಾಗ್ಯ ಪ್ರಸ್ತುತ ಸಂಶೋಧಕನಿಗೆ ಒಂದು ಕರಪತ್ರದ ರೂಪದಲ್ಲಿ ಒದಗಿತು. ‘ಐದು ಸಾವಿರ ವರ್ಷ ಒಂದೇ ದಿನದಲ್ಲಿ! ಗೈಡ್, ಗಾಡಿ, ಪ್ರಾಚೀನ ಸ್ಥಳೀಯ ಊಟ ಸಹಿತ.’ ಬೆಳಿಗ್ಗೆ 7ಕ್ಕೆ ಬಳ್ಳಾರಿ ರೈಲ್ವೆ ಸ್ಟೇಷನ್ ಮುಂದೆ ಹತ್ತುವುದು, ಸಂಜೆ 6ಕ್ಕೆ ಅಲ್ಲೇ ಇಳಿಯುವುದು. ಸಂಗನಕಲ್ಲು, ಕುಡತಿನಿ, ಕುರುಗೋಡು, ತೆಕ್ಕಲಕೋಟೆ, ನಿಟ್ಟೂರು. ಬಳ್ಳಾರಿಯಲ್ಲೇ ಫೂಟ್ ಸಾಹೇಬರ ಹೆಸರಿನಲ್ಲಿ ಸಂಗನಕಲ್ಲಿನ ವಸ್ತುಸಂಗ್ರಹಾಲಯವಿದೆ, ಅದು ಪಟ್ಟಿಯಲ್ಲಿರಲಿಲ್ಲ. ಅಲ್ಲಿ ತಲೆಯ ಮೇಲೆ ಸೂರು ಇರುವುದರಿಂದ ಅದನ್ನು ಕ್ಷೇತ್ರಕಾರ್ಯ ಎನ್ನಲಾಗದು ಎಂಬ ಶಾಸ್ತ್ರೀಯ ಕಾರಣ ಇದ್ದಿರಬೇಕು.

ಕಾಲಗಣನೆ

ಯಾವ ಪುರಾತತ್ವ ಪ್ರಬಂಧಕ್ಕೂ ಕಾಲನಿರ್ಣಯ ಮೊದಲು. ಹನ್ನೊಂದು ಗಂಟೆಯೆಂದರೆ 660 ನಿಮಿಷ. ಐದು ಸಾವಿರ ವರ್ಷವನ್ನು ಅದಕ್ಕೆ ಹಂಚಿದರೆ ನಿಮಿಷಕ್ಕೆ ಏಳೂವರೆ ವರ್ಷ ಚಿಲ್ಲರೆ. ಈ ಮಾನದಂಡದಲ್ಲಿ 1336ರಿಂದ 1565ರವರೆಗಿನ ವಿಜಯನಗರಕ್ಕೆ ಅರ್ಧ ಗಂಟೆ ಸಲ್ಲುತ್ತದೆ. 1800ರಲ್ಲಿ ನಿಜಾಮ ಈ ಸೀಮೆಯನ್ನು ಕಂಪನಿಗೆ ಬಿಟ್ಟುಕೊಟ್ಟಂದಿನಿಂದ 1947ರವರೆಗಿನ ಇಂಗ್ಲಿಷರ ಆಳ್ವಿಕೆ ಇಪ್ಪತ್ತು ನಿಮಿಷಕ್ಕೂ ಸ್ವಲ್ಪ ಕಮ್ಮಿ. 1953ರ ಅಕ್ಟೋಬರ್ 1ರಂದು ಬಳ್ಳಾರಿ ಮದರಾಸು ರಾಜ್ಯ ಬಿಟ್ಟು ಮೈಸೂರು ಸೇರಿದ ಮೇಲಿನ ಇಡೀ ಕಾಲ ಒಂದು ಚಹಾಕ್ಕೆ ಸಾಕು. ನಮ್ಮ ಟೆಂಪೊ ಟ್ರಾವೆಲರ್ ಸ್ಟೇಷನ್ ಬಿಟ್ಟು ಕದಲಿದ್ದು 7 ಗಂಟೆ 50 ನಿಮಿಷಕ್ಕೆ. ಅಂದರೆ ನವಶಿಲಾಯುಗದ ಮೊದಲ ಮುನ್ನೂರೆಪ್ಪತ್ತೈದು ಚಿಲ್ಲರೆ ವರ್ಷ ಒಬ್ಬ ನಿವೃತ್ತ ಬ್ಯಾಂಕ್ ಮ್ಯಾನೇಜರರ ದಾರಿ ಕಾಯುವುದರಲ್ಲಿ ಕಳೆದುಹೋಯಿತು.

ಉಳಿದ ಜನಾಂಗದ ವಿವರ ಇಂತಿದೆ. ಬೆಂಗಳೂರಿನ ಸಾಫ್ಟ್‌ವೇರ್ ದಂಪತಿ ಒಂದು ಜೋಡಿ. ಕಾಲೇಜು ಹುಡುಗರು ನಾಲ್ಕು. ಹೊಸಪೇಟೆ ಕಡೆಯ ಒಬ್ಬ ಶಾಲಾ ಮೇಷ್ಟ್ರು. ಅವರ ತಾಯಿ, ಇವರನ್ನು ಎಲ್ಲರೂ ಅಮ್ಮಾರು ಎನ್ನುತ್ತಿದ್ದರು. ಡ್ರೈವರ್. ಸಂಗನಕಲ್ಲಿನ ಹತ್ತಿರ ಹತ್ತಿಕೊಂಡ ಗೈಡ್ ಹುಡುಗ. ಪ್ರವಾಸದ ಯಜಮಾನರು ಫೋನಿನ ರೂಪದಲ್ಲಿ ಮಾತ್ರ ಹಾಜರಿದ್ದರು.

ಗೈಡ್ ಎಂಬ ಪರಂಪರೆ

ಬಳ್ಳಾರಿಯಲ್ಲಿ ಗುಡ್ಡದ ವಿಷಯಕ್ಕೆ ಸಲಹೆ ಕೊಡುವುದು ಹುಡುಗಾಟದ ಕೆಲಸವಲ್ಲ. ಹೈದರಾಲಿಗೆ ಇಲ್ಲಿನ ಕೋಟೆ ಕಟ್ಟಿಕೊಟ್ಟ ಫ್ರೆಂಚ್ ಎಂಜಿನಿಯರ್, ಪಕ್ಕದ ಕುಂಬಾರ ಗುಡ್ಡ ಕೋಟೆಯ ಗುಡ್ಡಕ್ಕಿಂತ ಎತ್ತರ ಎಂಬುದನ್ನು ಗಮನಿಸಲಿಲ್ಲವಂತೆ. ಅಲ್ಲಿಂದ ಗುಂಡು ಹಾರಿಸಿದರೆ ಕೋಟೆಯೊಳಗೇ ಬೀಳುತ್ತದೆ ಎಂದು ತಿಳಿದ ಹೈದರಾಲಿ ಅವನನ್ನು ಗಲ್ಲಿಗೇರಿಸಿದ ಎಂದು ಊರಲ್ಲಿ ಕೇಳಿದವರಿಗೆಲ್ಲ ಹೇಳುತ್ತಾರೆ. ಈ ಕಥೆ ಗೊತ್ತಿದ್ದರಿಂದಲೋ ಏನೋ, ನಮ್ಮ ಗೈಡ್ ಯಾವ ಮಾತನ್ನೂ ಖಚಿತವಾಗಿ ಹೇಳುತ್ತಿರಲಿಲ್ಲ. ‘ಹಂಗ ಅಂತಾರ್ರಿ ಸಾರ್’ ಎನ್ನುತ್ತಿದ್ದ. ಇಷ್ಟು ಎಚ್ಚರದ ಭಾಷೆ ಅನೇಕ ಪಿಎಚ್.ಡಿ. ಪ್ರಬಂಧಗಳಲ್ಲೂ ಸಿಗುವುದಿಲ್ಲ.

ಸಂಗನಕಲ್ಲು ಎಂಬುದು ಒಂದು ಗುಡ್ಡವಲ್ಲ, ಗುಂಪು. ಸಣ್ಣರಾಚಮ್ಮನ ಗುಡ್ಡ, ಚೌಡಮ್ಮನ ಗುಡ್ಡ, ಕಪ್ಪಗಲ್ಲಿನ ಪಕ್ಕದ ಹಿರೇಗುಡ್ಡ. ಊರಿಂದ ಐದಾರು ಕಿಲೋಮೀಟರ್ ಅಷ್ಟೆ. ಹಿರೇಗುಡ್ಡದ ಬೆನ್ನಿನ ಮೇಲೆ ಗ್ರಾನೈಟನ್ನು ಸೀಳಿಕೊಂಡು ಕರಿಕಲ್ಲಿನ ಒಂದು ಗೆರೆ ಓಡುತ್ತದೆ. ಡಾಲರೈಟ್ ಎನ್ನುತ್ತಾರೆ. ನಾಲ್ಕು ಸಾವಿರ ವರ್ಷದ ಹಿಂದೆ ಇಡೀ ಸೀಮೆಗೆ ಕಲ್ಲುಗೊಡಲಿ ಹೊರಟದ್ದು ಈ ಗೆರೆಯಿಂದ. ಕಾಲ ಕೆಳಗೆ ಚರಚರ ಎನ್ನುವುದು ಜಲ್ಲಿಯಲ್ಲ, ಕೊಡಲಿ ಕೆತ್ತುವಾಗ ಸಿಡಿದ ಚಕ್ಕೆ. ಒಂದನ್ನು ಎತ್ತಿ ನೋಡಿದೆ. ಮೇಲ್ಮೈ ಕಾಲಕ್ಕೆ ಸಿಕ್ಕು ಕಂದಾಗಿತ್ತು, ಅಂಚು ಮಾತ್ರ ಇನ್ನೂ ಬೆರಳಿಗೆ ಹತ್ತುವಷ್ಟು ಹರಿತ. ಪಕ್ಕದ ಬಂಡೆಯಲ್ಲಿ ಕೊಡಲಿಯ ಬಾಯಿ ಮಸೆದು ಮಸೆದು ಬಿದ್ದ ನುಣುಪು ಗುಳಿ. ಅಮ್ಮಾರು ಅದರೊಳಗೆ ಅಂಗೈ ಇಟ್ಟು, ‘ನಮ್ಮ ಒರಳಿನಂಗೇ ಐತಿ’ ಎಂದರು. ಬ್ಯಾಂಕ್ ಮ್ಯಾನೇಜರರು ಎರಡು ಚಕ್ಕೆ ಜೇಬಿಗೆ ಹಾಕಿಕೊಳ್ಳುತ್ತಿದ್ದುದನ್ನು ಅಮ್ಮಾರೇ ಕಂಡರು.

‘ಅಲ್ಲೇ ಇಡ್ರಿ. ನಿಮ್ಮ ಬ್ಯಾಂಕಿನಾಗ ನಾವೇನರ ತಗೊಂಡು ಹೋದ್ವೇನು?’

ಪುರಾತತ್ವ ಸಂರಕ್ಷಣೆಯ ಕಾಯಿದೆ ಇದಕ್ಕಿಂತ ಉದ್ದವಾಗಿದೆ, ಇಷ್ಟು ಬೇಗ ಜಾರಿಯಾಗುವುದಿಲ್ಲ.

ನಾದಶಾಸ್ತ್ರ ಮತ್ತು ಸಂಕೋಚಶಾಸ್ತ್ರ

ಗೆರೆಯ ಉದ್ದಕ್ಕೂ ಉರುಳಿ ನಿಂತ ಕರಿಬಂಡೆಗಳ ಮೇಲೆ ಕುಟ್ಟಿ ಮೂಡಿಸಿದ ಚಿತ್ರಗಳಿವೆ. ಇಂಗ್ಲಿಷರ ಪೈಕಿ ಫಾಸೆಟ್ ಎಂಬವರು 1892ರಲ್ಲೇ ಇವುಗಳ ಬಗ್ಗೆ ಬರೆದರು. ಹಿಣಿಲೆದ್ದ, ಕೊಂಬು ಚಾಚಿದ ಎತ್ತುಗಳೇ ಹೆಚ್ಚು. ಎತ್ತಿನ ಜೊತೆ ಮನುಷ್ಯರು, ಮನುಷ್ಯರ ಜೊತೆ ಮನುಷ್ಯರು. ಕೆಲವು ಚಿತ್ರ ಇರುವ ಜಾಗಕ್ಕೆ ಹಗ್ಗ ಕಟ್ಟಿ ತೂಗಿಬಿಟ್ಟ ಹೊರತು ಕೈ ಎಟುಕುವುದಿಲ್ಲ.

ಕೆಲವು ಗಂಡು ಆಕೃತಿಗಳ ಅಂಗರಚನೆ ಬಹಳ ನಿಸ್ಸಂಕೋಚವಾದದ್ದು. ಅಂಥ ಒಂದರ ಮುಂದೆ ಸಾಫ್ಟ್‌ವೇರ್ ದಂಪತಿಯ ಮಡದಿ ನಿಂತು, ಇದೇನು ಎಂದರು. ಗೈಡ್ ಆಕಾಶ ನೋಡಿದ. ‘ಅದು ಬಾಣ ಅಂತಾರ್ರಿ ಮೇಡಂ.’ ಮೇಷ್ಟ್ರು ಬಿಲ್ಲು ಎಲ್ಲಿದೆ ಎಂದು ಕೇಳಿಬಿಟ್ಟರು. ಬಿಲ್ಲು ಅಳಿಸಿಹೋಗಿದೆ ಎಂದು ಸಿದ್ಧಾಂತವಾಯಿತು. ಹೀಗೆ ಸಂಗನಕಲ್ಲಿನಲ್ಲಿ ಬಿಲ್ಲುಗಾರಿಕೆಯ ಕಾಲವನ್ನು ನಮ್ಮ ತಂಡ ಐದು ನಿಮಿಷದಲ್ಲಿ ಗೊತ್ತುಮಾಡಿತು. ಅದರ ಕೆಳಗೇ ಯಾರೋ ಒಂದು ಹೃದಯ ಕೊರೆದು ಒಳಗೆ ಎರಡು ಇನಿಷಿಯಲ್ ಬರೆದಿದ್ದಾರೆ. ನವಶಿಲಾಯುಗದವರು ಇದೇ ವಿಷಯವನ್ನು ಹೆಚ್ಚು ಪ್ರಾಮಾಣಿಕವಾಗಿ ಹೇಳಿದ್ದರು ಎಂಬಷ್ಟೇ ವ್ಯತ್ಯಾಸ.

ಇನ್ನು ನಾದ. ಕೆಲವು ಕರಿಬಂಡೆಗಳಿಗೆ ಕಲ್ಲಿನಿಂದ ಹೊಡೆದರೆ ಗಂಟೆಯಂತೆ ಟಣ್ ಎನ್ನುತ್ತವೆ. ಹೊಡೆದು ಹೊಡೆದು ಬಿದ್ದ ಬಟ್ಟಲಿನಂಥ ಗುಳಿಗಳೂ ಇವೆ. ಚಿತ್ರ ಕೊರೆಯುವುದೂ ಕಲ್ಲು ನುಡಿಸುವುದೂ ಒಂದೇ ಆಚರಣೆಯ ಎರಡು ಮುಖ ಇರಬಹುದು ಎಂದು ನಿಕೋಲ್ ಬೊವಾನ್ ಅವರು 2004ರಲ್ಲಿ ‘ಆಂಟಿಕ್ವಿಟಿ’ ಪತ್ರಿಕೆಯಲ್ಲಿ ವಾದಿಸಿದ್ದಾರೆ. ಕಾಲೇಜು ಹುಡುಗರು ಈ ವಾದವನ್ನು ಓದದೆಯೇ ಒಪ್ಪಿ, ಆರು ಬಂಡೆಗಳ ಮೇಲೆ ಒಂದು ಸಿನಿಮಾ ಹಾಡಿನ ತಾಳ ಎತ್ತಿಕೊಂಡರು. ಆ ಹೊತ್ತಿಗೆ ಸರಿಯಾಗಿ ದೂರದಿಂದ ಇನ್ನೊಂದು ಸದ್ದು ಬಂತು. ಢಂ ಎಂದು ಒಂದೇ ಏಟು, ಆಮೇಲೆ ಧೂಳು.

‘ಅದೂ ಸಂಗೀತ ಏನೋ?’ ಎಂದೆ.

‘ಅದು ಕ್ವಾರಿ ಸಾರ್. ಅವರು ನುಡಿಸಿದ್ರ ಮತ್ತ ನುಡಿಸಾಕ ಕಲ್ಲು ಇರಂಗಿಲ್ಲ.’

ಅವನು ‘ಅಂತಾರ್ರಿ’ ಎನ್ನದೆ ಹೇಳಿದ ಮಾತು ಇದೊಂದೇ.

ಬೂದಿಯ ಪ್ರಶ್ನೆ

ಹೊಸಪೇಟೆ ದಾರಿಯ ಕುಡತಿನಿಯಲ್ಲಿರುವುದು ಬೂದಿದಿಬ್ಬ. ನೋಡಲು ಬೂದಿಯಂತೆಯೂ ಇಲ್ಲ. ಅಲ್ಲಲ್ಲಿ ಗಟ್ಟಿ, ತೂತುತೂತು, ಕುಲುಮೆಯಲ್ಲಿ ಕರಗಿ ಗಾಜುಗಟ್ಟಿದ ಕಿಟ್ಟದ ಹಾಗೆ. ಇದರ ವಿಷಯದಲ್ಲಿ ಪಂಡಿತರು ನೂರು ವರ್ಷ ಕಾದಾಡಿದರು. ಹಿಡಿಂಬಾಸುರನನ್ನು ಭೀಮ ಸುಟ್ಟ ಜಾಗ ಎಂದು ಜನ ಹೇಳಿದ್ದನ್ನು 19ನೆಯ ಶತಮಾನದ ಮೊದಲ ಭಾಗದಲ್ಲೇ ಕ್ಯಾಪ್ಟನ್ ನ್ಯೂಬೋಲ್ಡ್ ಬರೆದುಕೊಂಡ. ಇದು ಜ್ವಾಲಾಮುಖಿ ಎಂದು ಒಂದು ಪಕ್ಷ. ಕಬ್ಬಿಣದ ಕುಲುಮೆ ಎಂದು ಇನ್ನೊಂದು. ಸಾಮೂಹಿಕ ಚಿತೆ ಎಂದು ಮತ್ತೊಂದು. ಸಗಣಿ ಎಂದವರು ಫೂಟ್ ಸಾಹೇಬರು. ದನದ ದೊಡ್ಡಿಯಲ್ಲಿ ಬಿದ್ದ ಸಗಣಿಯನ್ನು ರಾಶಿ ಹಾಕಿ, ಮತ್ತೆ ಮತ್ತೆ ಬೆಂಕಿಯಿಟ್ಟದ್ದರಿಂದ ಬೆಳೆದ ದಿಬ್ಬ. 1957ರಲ್ಲಿ ಪುರಾತತ್ವಜ್ಞ ಆಲ್ಚಿನ್ ಇಂದಿನ ತೆಲಂಗಾಣದ ಉಟ್ನೂರಿನ ಬೂದಿದಿಬ್ಬ ಅಗೆದಾಗ ದೊಡ್ಡಿಯ ಬೇಲಿಗೂಟದ ಗುಳಿ, ದನದ ಗೊರಸಿನ ಗುರುತು ಸಿಕ್ಕವು. 1959ರ ಸುಮಾರಿಗೆ ಲಂಡನ್ನಿನ ವಿದ್ವಾಂಸ ಸಾಯ್ನರ್ ಅವರು ಪ್ರಯೋಗಶಾಲೆಯಲ್ಲಿ ಪರೀಕ್ಷಿಸಿ ಸಗಣಿಯೇ ಎಂದರು.

ಅಮ್ಮಾರು ಒಂದು ತುಣುಕನ್ನು ಮೂಗಿನ ಹತ್ತಿರ ಹಿಡಿದು, ‘ಕುಳ್ಳು ಸುಟ್ಟ ಬೂದಿ ಇಷ್ಟು ಗಟ್ಟಿ ಹೆಂಗಾತು?’ ಎಂದು ಕೇಳಿದರು. ಜ್ವಾಲಾಮುಖಿಯ ಪಕ್ಷದವರು ಎಂದಾದರೂ ಕುಳ್ಳು ಬಡಿದಿದ್ದರೆ ವಿದ್ವತ್ ಪತ್ರಿಕೆಗಳ ಎಷ್ಟೋ ಪುಟ ಉಳಿಯುತ್ತಿತ್ತು.

ಈ ದಿಬ್ಬಗಳ ಸುತ್ತ ಒಂದು ಕಾಲಕ್ಕೆ ದೂರದೂರದ ದನಗಾಹಿಗಳು ವರ್ಷದ ಗೊತ್ತಾದ ಹೊತ್ತಿಗೆ ಸೇರುತ್ತಿದ್ದರು, ಉಣ್ಣುತ್ತಿದ್ದರು, ಬೆಂಕಿ ಹಾಕಿ ಹಬ್ಬ ಮಾಡುತ್ತಿದ್ದರು ಎಂಬುದು ಈಚಿನ ಹಲವು ವಿದ್ವಾಂಸರ ಅಭಿಪ್ರಾಯ. ಇದರ ಮೇಲೆ ಪ್ರಸ್ತುತ ಸಂಶೋಧಕನ ಮಂಡನೆ ನಿಂತಿದೆ. ಹೊರಗಿನಿಂದ ಬಂದು, ಗುಡ್ಡ ಹತ್ತಿ, ಕಲ್ಲು ಬಡಿದು ಸದ್ದು ಮಾಡಿ, ಬಂಡೆಯ ಮೇಲೆ ಗೀಚಿ, ಊಟ ಮಾಡಿ, ಕಸ ಬಿಟ್ಟು ಹೋಗುವ ಜನ ಯಾರು? ಪ್ಯಾಕೇಜ್ ಟೂರು ಈ ಮಣ್ಣಿನಲ್ಲಿ ಹುಟ್ಟಿ ನಾಲ್ಕು ಸಾವಿರ ವರ್ಷವಾಯಿತು. ಯಜಮಾನರ ಫೋನ್ ಒಂದು ಅದಕ್ಕೆ ಹೊಸ ಸೇರ್ಪಡೆ.

ಕುಡತಿನಿಯಲ್ಲಿ ಮುಂದಿನ ಸಂಶೋಧಕರಿಗೆ ಇನ್ನೊಂದು ಸಂಕಟ ಕಾದಿದೆ. ಅದೇ ಊರಿನಲ್ಲಿ ಬಳ್ಳಾರಿ ಉಷ್ಣ ವಿದ್ಯುತ್ ಸ್ಥಾವರವಿದೆ, ಮೂರು ಘಟಕ, 1700 ಮೆಗಾವಾಟ್. ಕಲ್ಲಿದ್ದಲು ಉರಿಸಿದ ಬೂದಿಗೆ ಅಲ್ಲಿ ಕೊರತೆಯಿಲ್ಲ. ಐದು ಸಾವಿರ ವರ್ಷದ ನಂತರ ಒಬ್ಬ ವಿದ್ವಾಂಸ ಒಂದೇ ಊರಲ್ಲಿ ಎರಡು ಬೂದಿ ಕಂಡು, ಈ ಜನಕ್ಕೆ ಬೂದಿಯೇ ದೇವರಾಗಿತ್ತು, ಸಂಪ್ರದಾಯ ಎಲ್ಲೂ ಕಡಿದಿಲ್ಲ ಎಂದು ಬರೆಯದಿದ್ದರೆ ಕೇಳಿ. ಒಂದನ್ನು ದನ ಮಾಡಿತು, ಇನ್ನೊಂದನ್ನು ವಿದ್ಯುತ್ ನಿಗಮ ಮಾಡಿತು ಎಂದು ಅವನಿಗೆ ಹೇಳುವವರು ಯಾರು?

ಊಟ

ಕುರುಗೋಡು ಒಂದು ಕಾಲಕ್ಕೆ ಸಿಂದ ಅರಸರ ರಾಜಧಾನಿ. ದೊಡ್ಡಬಸವೇಶ್ವರನ ಏಕಶಿಲೆಯ ನಂದಿ ಮನುಷ್ಯನನ್ನು ಮೀರಿ ಎತ್ತರ. ಹಸಿವಾಗಿತ್ತು, ಕೈಮುಗಿದು ಹೊರಬಂದೆವು.

ಒಂದು ತೋಟದ ಮನೆಯ ಜಗಲಿಯಲ್ಲಿ ಎಲೆ ಹಾಕಿದ್ದರು. ಫೋನಿನಿಂದ ಯಜಮಾನರ ದನಿ: ‘ಇದು ಶಿಲಾಯುಗದಿಂದ ಬಂದ ಊಟ, ನೋಡ್ರಿ!’ ಬಿಸಿ ಜೋಳದ ರೊಟ್ಟಿ, ಎಣ್ಣೆಗಾಯಿ, ಶೇಂಗಾ ಹಿಂಡಿ, ಗುರೆಳ್ಳು ಚಟ್ನಿ, ಟೊಮ್ಯಾಟೊ ಹಾಕಿದ ಬೇಳೆಸಾರು, ಸಿರುಗುಪ್ಪದ ಅನ್ನ, ಮಿರ್ಚಿ ಎರಡೆರಡು. ರುಚಿಯ ವಿಷಯದಲ್ಲಿ ವಿದ್ವಾಂಸರಲ್ಲಿ ಭಿನ್ನಾಭಿಪ್ರಾಯ ಇರಲಿಲ್ಲ. ನಾನು ರೊಟ್ಟಿ ನಾಲ್ಕು ಮುಗಿಸಿದ ಮೇಲೆ ಉತ್ಖನನ ಆರಂಭಿಸಿದೆ.

ಜೋಳದ ತವರು ಆಫ್ರಿಕಾ. ಗುರೆಳ್ಳು ಇಥಿಯೋಪಿಯಾದ್ದು. ಸಾರಿನ ಹುಣಸೆಯೂ ಆಫ್ರಿಕಾದ್ದೇ. ಶೇಂಗಾ ದಕ್ಷಿಣ ಅಮೆರಿಕದ್ದು, ಟೊಮ್ಯಾಟೊ ಅದೇ ಖಂಡದ್ದು. ಮೆಣಸಿನಕಾಯಿ ಪೋರ್ಚುಗೀಸರ ಹಡಗು ಇಳಿದು ಇನ್ನೂ ಐನೂರು ವರ್ಷ ಚಿಲ್ಲರೆ. ನಮ್ಮ ಕಾಲಗಣನೆಯ ಪ್ರಕಾರ ಮಿರ್ಚಿ ಬಂದು ಒಂದು ಗಂಟೆ ಹತ್ತು ನಿಮಿಷವೂ ಆಗಿಲ್ಲ. ಬದನೆಯೇನೋ ಈ ದೇಶದ ಕೂಸು. ಆದರೆ ಎಣ್ಣೆಗಾಯಿಯನ್ನು ಸೀಳಿ ನೋಡಿ: ಹೊರಗೆ ಭಾರತ, ಒಳಗೆ ಶೇಂಗಾ ಖಾರ ತುಂಬಿದ ಅಮೆರಿಕ. ಇದನ್ನು ನಾನು ಗಟ್ಟಿಯಾಗಿ ಓದಿ ಹೇಳಿದಾಗ ಬಡಿಸುತ್ತಿದ್ದ ಹೆಣ್ಣುಮಗಳು, ‘ಹಂಗಾರ ಇನ್ನೊಂದು ಮಿರ್ಚಿ ಬ್ಯಾಡೇನ್ರಿ?’ ಎಂದಳು. ಬೇಕು ಎಂದೆ.

ಪೀಠಿಕೆಯಲ್ಲಿ ಬಿಟ್ಟ ಹೆಸರು ಈಗ ಬರಬೇಕು. ಲಂಡನ್ನಿನ ಡೋರಿಯನ್ ಫುಲ್ಲರ್, ಪ್ರಾಚೀನ ಸಸ್ಯಗಳ ವಿದ್ವಾಂಸ. ಅಗೆದ ಮಣ್ಣನ್ನು ನೀರಿಗೆ ಹಾಕಿ ಕಲಕಿದರೆ ಸುಟ್ಟು ಇದ್ದಲಾದ ಕಾಳು ಮೇಲೆ ತೇಲುತ್ತದೆ; ಅದನ್ನು ಬಟ್ಟೆಯಲ್ಲಿ ಸೋಸಿ, ಒಣಗಿಸಿ, ಸೂಕ್ಷ್ಮದರ್ಶಕದಲ್ಲಿ ನೋಡುವುದು ಅವರ ವಿದ್ಯೆ. ಅಡುಗೆಮನೆಯಲ್ಲಿ ಅಕ್ಕಿ ತೊಳೆಯುವವರಿಗೆ ಇದನ್ನು ವಿವರಿಸಬೇಕಿಲ್ಲ. ಕೋರಿಶೆಟ್ಟರ್ ಅವರ ಜೊತೆ ಸೇರಿ ಹೀಗೆ ಸಂಗನಕಲ್ಲಿನ ಗುಡ್ಡಗಳ ಮಣ್ಣು ಸೋಸಿದಾಗ ಎದ್ದು ಬಂದವು ಹುರುಳಿ, ಹೆಸರು, ಕೊರಲೆ ಮತ್ತು ನವಣೆಯ ಜಾತಿಯ ಒಂದು ಕಿರುಧಾನ್ಯ. ದಕ್ಷಿಣದ ನವಶಿಲಾಯುಗದ ಮೂಲ ಊಟ ಇದು. ದನ, ಕುರಿ, ಆಡಿನ ಎಲುಬೂ ಕೊಚ್ಚಿದ ಗುರುತಿನೊಂದಿಗೆ ಸಿಗುತ್ತವೆ. ಅವುಗಳಲ್ಲಿ ಯಾವುದನ್ನು ಮೆನುವಿಗೆ ಸೇರಿಸಬಹುದು ಎಂಬುದು ಈ ಪ್ರಬಂಧದ ವ್ಯಾಪ್ತಿಗೂ, ಪ್ರಬಂಧಕಾರನ ಧೈರ್ಯಕ್ಕೂ ಹೊರಗಿದ್ದು.

ನಮ್ಮ ಎಲೆಯ ಮೇಲೆ ಈ ನಾಲ್ಕರಲ್ಲಿ ಒಂದೂ ಇರಲಿಲ್ಲ. ಕೈ ತೊಳೆಯಲು ಹಿತ್ತಲಿಗೆ ಹೋದೆ. ಬೇವಿನ ನೆರಳಲ್ಲಿ ಟೆಂಪೊದ ಬಾಗಿಲು ತೆಗೆದಿಟ್ಟು ಡ್ರೈವರ್ ತನ್ನ ಸ್ಟೀಲ್ ಡಬ್ಬಿ ಬಿಚ್ಚಿದ್ದ. ಮೇಲಿನ ಅಂತಸ್ತಿನಲ್ಲಿ ಖಡಕ್ ರೊಟ್ಟಿಯ ಚೂರು. ಕೆಳಗಿನದರಲ್ಲಿ ಮೊಳಕೆ ಬರಿಸಿ ಬೇಯಿಸಿದ ಹುರುಳಿಕಾಳು, ಬೆಳ್ಳುಳ್ಳಿ ಒಗ್ಗರಣೆ, ಕಂದು ಬಣ್ಣದ ಗಟ್ಟಿ ರಸ ಡಬ್ಬಿಯ ಗೋಡೆಗೆ ಹತ್ತಿಕೊಂಡಿತ್ತು.

‘ಒಳಗ ಉಣ್ಣಲಿಲ್ಲೇನಪ್ಪ?’

‘ಅದು ಟೂರಿಸ್ಟ್ ಊಟ ಅಲ್ರಿ. ನಮ್ಮವ್ವ ಇದನ್ನ ಕಟ್ಟಿಕೊಟ್ಟಾಳ. ಎತ್ತಿಗೆ ಹಾಕೋದು ಅಂತ ನಗಬ್ಯಾಡ್ರಿ ಮತ್ತ.’

ಮಾದರಿ ಸಂಗ್ರಹಣೆಯ ಹೆಸರಿನಲ್ಲಿ ಒಂದು ಚಮಚ ಕೇಳಿ ಪಡೆದೆ. ಅವನು ಎರಡು ಕೊಟ್ಟ. ಐದು ಊರು ತೋರಿಸುವ ಆ ಪ್ರವಾಸದಲ್ಲಿ ನಾಲ್ಕು ಸಾವಿರ ವರ್ಷ ಕಡಿಯದೆ ಉಳಿದು ಬಂದ ವಸ್ತು ಅದೊಂದೇ, ಅದು ಟಿಕೆಟ್ಟಿನಲ್ಲಿ ಸೇರಿರಲಿಲ್ಲ. ಕೊರಲೆಯ ಗತಿ ಇನ್ನೂ ಸ್ವಾರಸ್ಯ. ಒಳಗೆ ಬೆಂಗಳೂರಿನ ದಂಪತಿ, ತಾವು ಮನೆಯಲ್ಲಿ ಸಿರಿಧಾನ್ಯದ ಅಂಗಡಿಯಿಂದ ತಂದ ಕೊರಲೆಯನ್ನೇ ಉಣ್ಣುತ್ತೇವೆ, ಡಾಕ್ಟರು ಹೇಳಿದ್ದಾರೆ, ಇಲ್ಲಿ ಮಾತ್ರ ಬಾಯಿರುಚಿಗೆ ಹಳೇ ಕಾಲದ ಊಟ ಮಾಡುತ್ತಿದ್ದೇವೆ ಎಂದು ಅಮ್ಮಾರಿಗೆ ಹೇಳುತ್ತಿದ್ದರು. ನವಶಿಲಾಯುಗವನ್ನು ಮನೆಯಲ್ಲಿ ಬಿಟ್ಟು ಅದನ್ನು ಹುಡುಕಿಕೊಂಡು ಮುನ್ನೂರು ಕಿಲೋಮೀಟರ್ ಬಂದವರನ್ನು ನಾನು ಅಲ್ಲಿಯೇ ಮೊದಲು ನೋಡಿದ್ದು.

ಉಳಿದ ಶತಮಾನಗಳು

ಊಟದ ನಂತರದ ಪುರಾತತ್ವ ಬೇರೆಯೇ ಶಾಸ್ತ್ರ. ಅದನ್ನು ಕಣ್ಣು ಮುಚ್ಚಿ ಮಾಡುತ್ತಾರೆ. ತೆಕ್ಕಲಕೋಟೆಯ ಗುಡ್ಡದ ಮೇಲೆ 1963-64ರಲ್ಲಿ ನಾಗರಾಜರಾವ್ ಮತ್ತು ಮಲ್ಹೋತ್ರ ಅಗೆದು ದುಂಡು ಗುಡಿಸಲುಗಳ ನೆಲಗಟ್ಟು ಕಂಡರು. ನಾವು ಗುಡ್ಡವನ್ನು ಕಿಟಕಿಯಿಂದ ಕಂಡೆವು, ಎಚ್ಚರವಿದ್ದ ಮೂವರು.

ನಿಟ್ಟೂರಿಗೆ ಹೋದಾಗ ಕತ್ತಲು. ಮೊಬೈಲ್ ಟಾರ್ಚಿನಲ್ಲಿ ಅಶೋಕನ ಶಾಸನ ನೋಡಿದೆವು. ಅಶೋಕ ಎಂಬ ಹೆಸರನ್ನೇ ಹೇಳುವ ಶಾಸನಗಳು ದೇಶದಲ್ಲಿ ಬೆರಳೆಣಿಕೆ. ಅವುಗಳಲ್ಲಿ ಎರಡು, ನಿಟ್ಟೂರು ಮತ್ತು ಉಡೇಗೋಳ, ಈ ಸಿರುಗುಪ್ಪ ತಾಲೂಕಿನಲ್ಲಿವೆ. ಚಿತ್ರದುರ್ಗ ಜಿಲ್ಲೆಯ ಬ್ರಹ್ಮಗಿರಿಯೂ ಸೇರಿ ಅವನ ಸಣ್ಣ ಶಿಲಾಶಾಸನದ ಹಲವು ಪ್ರತಿಗಳಲ್ಲಿ 256 ಎಂಬ ಅಂಕಿ ಬರುತ್ತದೆ. ಸಂಚಾರದಲ್ಲಿ ಕಳೆದ ರಾತ್ರಿಗಳ ಲೆಕ್ಕ ಅದು ಎಂದು ಅನೇಕ ವಿದ್ವಾಂಸರು ಓದುತ್ತಾರೆ. 256 ರಾತ್ರಿ! ಊಟ ಸೇರಿತ್ತೆ ಎಂಬುದನ್ನು ಚಕ್ರವರ್ತಿ ಕಲ್ಲಿನ ಮೇಲೆ ಬರೆಸಲಿಲ್ಲ.

ಸಂಜೆ 6ರ ಗಾಡಿ ಸ್ಟೇಷನ್ ಮುಟ್ಟಿದ್ದು ರಾತ್ರಿ 9ಕ್ಕೆ. ಕರಪತ್ರದ ಲೆಕ್ಕದಲ್ಲಿ ನಾವು ಭವಿಷ್ಯದೊಳಕ್ಕೆ 1,350 ಚಿಲ್ಲರೆ ವರ್ಷ ಹೋಗಿದ್ದೆವು.

ಅನುಬಂಧ

ಈ ಪ್ರಬಂಧವನ್ನು ಓದಿ ಹೊರಡುವವರಿಗೆ ನಾಲ್ಕು ಮಾತು. ನವೆಂಬರಿನಿಂದ ಫೆಬ್ರವರಿಯೊಳಗೆ ಹೋಗಿ, ಬೆಳಿಗ್ಗೆ ಹತ್ತರೊಳಗೆ ಗುಡ್ಡ ಇಳಿಯಿರಿ. ಮೊದಲು ಬರೀ ಸಂಗನಕಲ್ಲು ನೋಡಿ, ಆಮೇಲೆ ಊರೊಳಗಿನ ವಸ್ತುಸಂಗ್ರಹಾಲಯ ನೋಡಿ. ಒಂದು ದಿನಕ್ಕೆ ಅದೇ ಹೆಚ್ಚು. ಟಣ್ ಎನ್ನುವ ಕಲ್ಲನ್ನು ಗೈಡ್ ಒಮ್ಮೆ ತಟ್ಟಿ ಕೇಳಿಸುತ್ತಾನೆ, ಅಷ್ಟು ಸಾಕು, ನೀವು ಕಲ್ಲು ಎತ್ತಿಕೊಳ್ಳಬೇಡಿ. ಬುತ್ತಿಗೆ ಹುರುಳಿಕಾಳು ಕಟ್ಟಿಸಿಕೊಳ್ಳಿ, ಹಿಂದಿನ ರಾತ್ರಿಯೇ ನೆನೆಹಾಕಬೇಕು. ಗುಡ್ಡದ ಮೇಲೆ ನೀರು ಸಿಗುವುದಿಲ್ಲ. ತಲೆಗೆ ಎರಡು ಲೀಟರ್ ಒಯ್ಯಿರಿ, ಖಾಲಿ ಬಾಟಲಿ ವಾಪಸು ತನ್ನಿ.